ನೂರ ನಲವತ್ತೇಳನೇ ಪ್ರಶ್ನೆ

ಚೀಟಿ ಎತ್ತಿದ್ದು ಶಾಲೆಯ ಹುಡುಗನೊಬ್ಬ,
ಜಿಲ್ಲಾ ಕಚೇರಿಯ ಮಾವಿನ ಮರದ ಕೆಳಗೆ,
ಸೋರೆಬುರುಡೆಯೊಳಗೆ ಕೈಯಿಟ್ಟು, ಕಣ್ಣು ಮುಚ್ಚಿ,
ಎಲ್ಲರಿಗೂ ಕಾಣುವ ಹಾಗೆ.
ನಲವತ್ತು ಹಳ್ಳಿಗೆ ತಿಂಗಳಿಗೊಮ್ಮೆ ಹಣ.
ಮಿಕ್ಕ ನಲವತ್ತಕ್ಕೆ ನಾವು.

ನಾವು ಅಂದರೆ ಪ್ರಶ್ನೆಗಳು, ಇನ್ನೂರ ಹನ್ನೆರಡು,
ಮತ್ತು ಹೊತ್ತು ಕೆಡಿಸಿದ್ದಕ್ಕೆ ಒಂದು ಸೋಪಿನ ಬಿಲ್ಲೆ.

ಅತಿಪೋಕಾಳ ಹಳ್ಳಿಗೆ ಬಂದದ್ದು ಸೋಪು.
ಅವಳ ಅಕ್ಕ ಲಾರಿಬಾ ಮದುವೆಯಾಗಿ ಹೋದದ್ದು ಹೊಳೆಯಾಚೆ,
ಅಲ್ಲಿಗೆ ಹಣ.
ನಡುವೆ ಆರು ಮೈಲಿ,
ನಮ್ಮ ನಕ್ಷೆಯ ಮೇಲೆ ಎರಡು ಬಣ್ಣ.

ಅಯಂಬಿರೆ ಪರದೆಯ ಮೇಲೆ ಬೆರಳಿಟ್ಟು ಕೇಳುತ್ತಾನೆ:
ಕಳೆದ ಏಳು ದಿನದಲ್ಲಿ, ಮಕ್ಕಳಿಗೆ ಸಾಲಲೆಂದು
ನೀನು ಎಷ್ಟು ಹೊತ್ತಿನ ಊಟ ಬಿಟ್ಟೆ?
ಅವಳು ಹುಲ್ಲುಕಡ್ಡಿಯನ್ನು ಹಲ್ಲಲ್ಲಿ ಸೀಳಿ,
ಅಂಗೈಯಲ್ಲಿ ಹೊಸೆದು,
ಬುಟ್ಟಿಗೆ ಇನ್ನೊಂದು ಸುತ್ತು ಹಾಕಿ
"ಎರಡು" ಅನ್ನುತ್ತಾಳೆ.
ಕೈ ನಿಲ್ಲುವುದಿಲ್ಲ. ಪ್ರಶ್ನೆಯೂ.

ಗೊತ್ತಿಲ್ಲ ಅಂದರೆ ತೊಂಬತ್ತೆಂಟು.
ಹೇಳುವುದಿಲ್ಲ ಅಂದರೆ ತೊಂಬತ್ತೊಂಬತ್ತು.
ನಕ್ಕರೆ ಏನು ಹಾಕಲಿ ಮೇಡಂ, ಅಂತ
ಮೊದಲ ವರ್ಷ ಫೋನು ಮಾಡಿದ್ದ.
ಈಗ ಕೇಳುವುದಿಲ್ಲ.

ನಾನು ಅಕ್ರಾದಲ್ಲಿ, ಕರೆಂಟು ಹೋಗಿ ಬರುವ ನಾಲ್ಕನೇ ಮಹಡಿಯಲ್ಲಿ
ಕಳೆಯುವ ಲೆಕ್ಕ ಮಾಡುವವಳು.
ಹಣ ಬಂದವರ ಊಟದಿಂದ
ಬಾರದವರ ಊಟ ಕಳೆ.
ಮಿಕ್ಕದ್ದು ಯೋಜನೆಯ ಫಲ.
ಮೂರು ವರ್ಷ, ನಾಲ್ಕು ಸಾವಿರದ ಇನ್ನೂರು ಮನೆ,
ಮಿಕ್ಕದ್ದು ಬಟ್ಟಲ ತಳಕ್ಕೆ ಅಂಟಿದಷ್ಟು.
ಸೊನ್ನೆಯಿಂದ ಬೇರೆ ಎಂದು
ಆಣೆಯಿಟ್ಟು ಹೇಳಲಾಗದಷ್ಟು.
ಸಚಿವಾಲಯದ ಅಮಾರ್ಟೇಯಿ ಕನ್ನಡಕ ಒರೆಸುತ್ತಾ
"ಹಾಗಾದರೆ ಕೆಲಸ ಮಾಡಲಿಲ್ಲ" ಅಂದರು.
ದನಿಯಲ್ಲಿ ಕುಹಕವೇನೂ ಇರಲಿಲ್ಲ.
ಬಜೆಟ್ಟಿಗೆ ಹನ್ನೊಂದು ದಿನ ಇತ್ತು.

ಅಂದೇ ರಾತ್ರಿ ಬೊಲ್ಗಟಂಗದ ಬಸ್ಸು ಹಿಡಿದೆ.
ಬೆಳಗ್ಗೆ ಗಾಜಿನ ತುಂಬ ಮರಳುಗಾಡಿನ ಧೂಳು.

ಅತಿಪೋಕಾಳ ಅಂಗಳದಲ್ಲೊಂದು ಮೇಕೆ.
ನಮ್ಮ ಪಟ್ಟಿಯಲ್ಲಿಲ್ಲದ ಮೇಕೆ, ಅದರಲ್ಲೂ ಗಬ್ಬದ ಮೇಕೆ.
"ಇದು?"
"ಲಾರಿಬಾಳದು."
"ಅವಳು ಕೊಟ್ಟದ್ದೋ?"
"ಕೊಟ್ಟದ್ದಲ್ಲ. ಅಕ್ಕನದು. ಇಲ್ಲಿದೆ."
ಮೂಲೆಯ ಅರ್ಧ ಮೂಟೆ ಸಜ್ಜೆಯೂ ಹಾಗೇ, ಇಲ್ಲಿತ್ತು.
ಮಗನ ಶಾಲೆಯ ಅಂಗಿ, ಅದೂ.

ನೂರ ನಲವತ್ತೇಳನೇ ಪ್ರಶ್ನೆ:
ಬೇರೆ ಮನೆಯವರಿಂದ ಪಡೆದ ನೆರವು ಅಥವಾ ಕೊಡುಗೆ?
ಮೂರು ವರ್ಷವೂ ಸೊನ್ನೆ.
ಸುಳ್ಳಲ್ಲ. ಏಸಿ ಕೋಣೆಯಲ್ಲಿ ಕೂತು ನಾವು ಆರಿಸಿದ ಗುರುನೆ ಪದ
ಪರರು ನೀಡುವುದಕ್ಕೆ ಹೇಳುವ ಪದವಂತೆ.
ಅಕ್ಕ ಪರಳೇ?
ಒಂದೇ ಬೆನ್ನಿಗೆ ಒಬ್ಬರಾದ ಮೇಲೊಬ್ಬರು ಕಟ್ಟಿಸಿಕೊಂಡು ಬೆಳೆದವರು
ಬೇರೆ ಮನೆಯೇ?

ಹಣ ಹೊಳೆ ದಾಟಿತ್ತು,
ಸಂತೆಯ ದಿನ, ತಲೆಯ ಮೇಲೆ, ಬರಿಗಾಲಲ್ಲಿ,
ನಮ್ಮ ಎರಡೂ ಬಣ್ಣ ಕಲಸುತ್ತಾ.
ಆಚೆ ಒಂದು ತುತ್ತು ಕಡಿಮೆ, ಈಚೆ ಒಂದು ತುತ್ತು ಹೆಚ್ಚು.
ಕಳೆದರೆ ಏನು ಉಳಿದೀತು?
ಹಂಚಿ ಉಂಡದ್ದಕ್ಕೇ ದಂಡ ಹಾಕುವ
ಲೆಕ್ಕ ನನ್ನದು.

ನಮ್ಮ ಶಾಸ್ತ್ರದಲ್ಲಿ ಇದಕ್ಕೆ ಹೆಸರುಂಟು, ಸೋರಿಕೆ ಅಂತ.
ಕಲಿಸಿದವರು ಬೋರ್ಡಿನ ಮೇಲೆ
ತೂತುಬಿದ್ದ ಕೊಳಾಯಿ ಬರೆದಿದ್ದರು.

ಕಚ್ಚಾ ಅಂಕಿಗಳಿಗೆ ಮಡಿ. ತಿದ್ದುವ ಹಾಗಿಲ್ಲ.
ಸೊನ್ನೆ ಸೊನ್ನೆಯಾಗಿಯೇ ಕೂತಿದೆ, ಸಾಲಿನಲ್ಲಿ,
ಮೇಲಿಂದ ನೋಡಿದ ಬುಟ್ಟಿಯ ಬಾಯಿಯಂತೆ.
ಮೇಕೆ ವರದಿಯ ಅರವತ್ತೊಂದನೇ ಪುಟ ಸೇರಿತು,
ಅಡಿಟಿಪ್ಪಣಿ ಹದಿನಾಲ್ಕು.
ಸಚಿವರ ಮೇಜಿಗೆ ಹೋಗುವುದು ಒಂದೇ ಪುಟ.
ಆ ಪುಟಕ್ಕೆ ಅಡಿ ಇಲ್ಲ.

ಹೊರಡುವಾಗ ಅವಳು ಕೇಳಿದ್ದಳು, ಅಯಂಬಿರೆಯ ಬಾಯಲ್ಲಿ:
ಮೇಕೆಯನ್ನು ಬರೆದುಕೊಂಡರೆ
ಅಕ್ಕನ ಹಣ ನಿಲ್ಲಿಸುತ್ತೀರಾ?
ಇಲ್ಲ ಅಂದೆ. ಅಂದವಳು ನಾನೇ.

ಇವತ್ತಿಗೆ ಒಂಬತ್ತು ದಿನ.
ಅಮಾರ್ಟೇಯಿ ಫೋನು ಎತ್ತುತ್ತಿಲ್ಲ.
ಮೇಕೆ ಈಯಿತಂತೆ, ಎರಡು ಮರಿ,
ಒಂದು ಹೊಳೆಯಾಚೆ ಹೋಗುತ್ತದಂತೆ.